ಸೊಪ್ಪಿನ ಮುನಿಯಕ್ಕನಿಗೆ ಹೇಳಿದ ಕಾಮಾಲೆ

ಸುಳ್ಳು ಹೇಳುವುದಕ್ಕೆ ನರೇಶನಿಗೆ ತಿಂಗಳ ಸಂಬಳ ಬರುತ್ತಿತ್ತು. ಕಂಪನಿಯವರು ಅದನ್ನು ಸುಳ್ಳು ಎನ್ನುತ್ತಿರಲಿಲ್ಲ, ಗ್ರಾಹಕರ ಸಮಾಧಾನ ಎನ್ನುತ್ತಿದ್ದರು. ವೈಟ್‌ಫೀಲ್ಡಿನ ಒಂದು ಗಾಜಿನ ಕಟ್ಟಡದಲ್ಲಿ ಕಿವಿಗೆ ಹೆಡ್‌ಸೆಟ್ ಸಿಕ್ಕಿಸಿಕೊಂಡು ಕೂತು, ಆರ್ಡರ್ ಮಾಡಿದ ಸಾಮಾನು ಬಾರದೆ ಕೂಗಾಡುವ ಕನ್ನಡದ ಗ್ರಾಹಕರಿಗೆ ‘ನಿಮ್ಮ ಪಾರ್ಸೆಲ್ ದಾರಿಯಲ್ಲಿದೆ ಸಾರ್’ ಎನ್ನುವುದು ಅವನ ಕೆಲಸ. ಪಾರ್ಸೆಲ್ ಎಲ್ಲಿದೆಯೆಂದು ಅವನಿಗೂ ಗೊತ್ತಿರುತ್ತಿರಲಿಲ್ಲ, ದೇವರಿಗೂ ಗೊತ್ತಿರುತ್ತಿರಲಿಲ್ಲ. ಆದರೂ ಅವನ ದನಿಯಲ್ಲಿ ಏನೋ ಒಂದು ನಯವಿತ್ತು. ಅಮ್ಮ ಅಕ್ಕ ಎಂದು ಶುರುಮಾಡಿದವರು ಕೊನೆಗೆ ಥ್ಯಾಂಕ್ಸ್ ಹೇಳಿ ಫೋನ್ ಇಡುತ್ತಿದ್ದರು. ಒಮ್ಮೆ ತಿಂಗಳ ಉತ್ತಮ ನೌಕರ ಎಂದು ಅವನ ಫೋಟೊವನ್ನು ಶೌಚಾಲಯಕ್ಕೆ ಹೋಗುವ ದಾರಿಯ ಗೋಡೆಗೆ ಅಂಟಿಸಿದ್ದರು. ಅದಕ್ಕಿಂತ ದೊಡ್ಡ ಸಾಧನೆ ಅವನ ಇಪ್ಪತ್ತಾರು ವರ್ಷದ ಬದುಕಿನಲ್ಲಿ ಇನ್ನೊಂದಿರಲಿಲ್ಲ.

ಆ ಮಂಗಳವಾರ ಮಧ್ಯಾಹ್ನ ಆಸ್ಪತ್ರೆಯ ಕ್ಯಾನ್ಸರ್ ಡಾಕ್ಟರ್ ಸ್ಫೂರ್ತಿ ಅವರ ಫೋನ್ ಬಂದಾಗ, ಅವನು ಹೆಡ್‌ಸೆಟ್ ತೆಗೆದಿಟ್ಟು ಮೆಟ್ಟಿಲ ಕಡೆಗೆ ಓಡಿದ.

“ನರೇಶ್, ಅಮ್ಮನ ರಕ್ತದ ರಿಪೋರ್ಟ್ ನೋಡಿದೆ. ನಾಳೆ ಡ್ರಿಪ್ ಹಾಕೋಕೆ ಬರಲ್ರೀ.” ಡಾಕ್ಟರು ದಾವಣಗೆರೆ ಕಡೆಯವರು. ಒಳ್ಳೆಯ ಸುದ್ದಿಯನ್ನೂ ಕೆಟ್ಟ ಸುದ್ದಿಯನ್ನೂ ಒಂದೇ ದನಿಯಲ್ಲಿ ಹೇಳುವ ಹೆಂಗಸು.

“ಯಾಕೆ ಮೇಡಂ?”

“ಲಿವರ್ ಟೆಸ್ಟ್ ಎಲ್ಲ ಏರಿಬಿಟ್ಟಿವೆ. ಕಾಯಿಲೆ ಎಷ್ಟಿದೆ ಅಂತ ತೋರಿಸೋ ಟೆಸ್ಟ್ ಒಂದಿತ್ತಲ್ಲ, ಅದು ಮೊದಲು ಚೆನ್ನಾಗಿ ಇಳಿದಿತ್ತು, ಈಗ ಮತ್ತೆ ಏರಿದೆ. ಮನೇಲಿ ನುಂಗೋ ಮಾತ್ರೆ ಸರಿಯಾಗಿ ತಗೋತಿದ್ದಾರೇನು?”

“ತಗೋತಿದ್ದಾರೆ ಮೇಡಂ.” ಉತ್ತರ ಅಭ್ಯಾಸಬಲದಿಂದ ತಾನಾಗಿ ಬಂತು.

“ಬೇರೆ ಏನಾದ್ರೂ? ನಾಟಿ ಔಷಧಿ, ಕಷಾಯ, ಪುಡಿ?”

“ಛೇ ಛೇ, ಇಲ್ಲ ಮೇಡಂ.”

“ಸುಮ್ನೆ ಹೇಳಬೇಡ್ರಿ. ಕೇಳಿ ಹೇಳ್ರಿ. ಲಿವರ್‌ನಲ್ಲಿರೋ ಗಂಟು ಔಷಧಿಗೆ ಕುಗ್ಗಿದ್ರೆ ಆಪರೇಷನ್ ಮಾಡಿ ತೆಗೆಸಬಹುದು ಅಂತ ಹೇಳಿದ್ದೆ. ಅದಕ್ಕೂ ಒಂದು ಹೊತ್ತು ಅಂತ ಇರ್ತದೆ. ಕಾಯಿಲೆ ಬೇರೆ ಕಡೆಗೆ ಹಬ್ಬಿದ ಮೇಲೆ ಆ ಮಾತೇ ಇಲ್ಲ. ನಾಳೆ ಕರ್ಕೊಂಡು ಬನ್ನಿ.” ಒಂದು ಕ್ಷಣ ಬಿಟ್ಟು ಅವರು ಕೇಳಿದರು, “ಅವರಿಗೆ ಏನಾಗಿದೆ ಅಂತ ಹೇಳಿದ್ರೇನು? ಮನೆಯವರೇ ಹೇಳ್ತೀವಿ ಅಂದಿದ್ರಿ.”

“ಹೇಳ್ತಾ ಇದೀವಿ ಮೇಡಂ. ಸ್ವಲ್ಪ ಸ್ವಲ್ಪವಾಗಿ.”

“ನಾಳೆ ಅವರು ನನ್ನ ಕೇಳಿದ್ರೆ ನಾನು ಸುಳ್ಳು ಹೇಳಲ್ಲ ನರೇಶ್. ನನ್ನ ಬಾಯಿಂದ ಕೇಳೋದಕ್ಕಿಂತ ನಿಮ್ಮ ಬಾಯಿಂದ ಕೇಳಿದ್ರೆ ಚಲೋ.”

ಫೋನ್ ಇಟ್ಟ ಮೇಲೆ ನರೇಶ ಮೆಟ್ಟಿಲ ಮೇಲೇ ಕೂತ. ಸ್ವಲ್ಪ ಸ್ವಲ್ಪವಾಗಿ ಎಂದನಲ್ಲ, ಆ ಸ್ವಲ್ಪದಲ್ಲಿ ಒಂದು ಚೂರನ್ನೂ ಅವನು ಇದುವರೆಗೆ ಹೇಳಿರಲಿಲ್ಲ.

ಹೂಡಿಯಲ್ಲಿ ಸೊಪ್ಪಿನ ಮುನಿಯಕ್ಕನನ್ನು ತಿಳಿಯದವರಿಲ್ಲ. ಕೆರೆಯ ಹಿಂದಿನ ತುಂಡು ತೋಟದಲ್ಲಿ ಅವಳೇ ದಂಟು, ಸಬ್ಬಸಿಗೆ, ಮೆಂತ್ಯ ಬೆಳೆದು ಮಾರುತ್ತಿದ್ದ ಕಾಲವೊಂದಿತ್ತು. ತೋಟದ ಮೇಲೆ ಅಪಾರ್ಟ್‌ಮೆಂಟ್ ಎದ್ದ ಮೇಲೆ ಕೆ.ಆರ್. ಪುರದ ಸಂತೆಯಿಂದ ಸೊಪ್ಪು ತಂದು ಅದೇ ಅಪಾರ್ಟ್‌ಮೆಂಟಿನ ಗೇಟಿನಲ್ಲಿ ಮಾರತೊಡಗಿದಳು. “ಮೊದ್ಲೂ ಇಲ್ಲೇ ಕುಂತಿದ್ದೆ, ಈಗ್ಲೂ ಇಲ್ಲೇ ಕುಂತಿವ್ನಿ. ಮಧ್ಯದಾಗೆ ಬಂದು ಇವ್ರು ಕಟ್ಕಂಡ್ರು, ಅಷ್ಟೇಯ” ಎನ್ನುತ್ತಿದ್ದಳು. ನೀರಿನ ಟ್ಯಾಂಕರ್ ಓಡಿಸುತ್ತಿದ್ದ ಗಂಡ ನಂಜಪ್ಪ, ನರೇಶ ಇನ್ನೂ ಶಾಲೆಯಲ್ಲಿದ್ದಾಗಲೇ ತೀರಿಕೊಂಡ. ಮಗಳು ವೇಣಿಯನ್ನು ಎಲೆಕ್ಟ್ರಾನಿಕ್ ಸಿಟಿ ಕಡೆಗೆ ಮದುವೆ ಮಾಡಿ ಕೊಟ್ಟದ್ದು, ಮಗನಿಗೆ ಡಿಗ್ರಿ ಮಾಡಿಸಿದ್ದು, ಎಲ್ಲ ಆ ಗೇಟಿನ ಪಕ್ಕದ ಸಿಮೆಂಟು ಕಲ್ಲಿನ ಮೇಲೆ ಕೂತೇ. ಸೊಪ್ಪಿನ ಜೊತೆಗೆ ಬಿಟ್ಟಿ ವೈದ್ಯವನ್ನೂ ಕೊಡುತ್ತಿದ್ದಳು. ಬಾಯಿ ಹುಣ್ಣಿಗೆ ಗಣಿಕೆ, ಕಣ್ಣಿಗೆ ಹೊನಗೊನೆ, ಪರೀಕ್ಷೆಗೆ ಓದುವ ಮಕ್ಕಳಿಗೆ ಒಂದೆಲಗ. ನರೇಶನಿಗೆ ಚಿಕ್ಕಂದಿನಲ್ಲಿ ಒಂದೆಲಗವನ್ನು ಎಷ್ಟು ತಿನ್ನಿಸಿದ್ದಳೆಂದರೆ, ಅದರ ಫಲವೇನಾಯಿತೆಂದು ಅವನ ಅಂಕಪಟ್ಟಿ ನೋಡಿದವರು ಯಾರೂ ಕೇಳುತ್ತಿರಲಿಲ್ಲ.

ಮಲದಲ್ಲಿ ರಕ್ತ ಬೀಳತೊಡಗಿದಾಗ ಅವಳು ಮೂಲವ್ಯಾಧಿ ಅಂದುಕೊಂಡಳು. ಬೆಳಗಿನಿಂದ ಕಲ್ಲಿನ ಮೇಲೆ ಕೂರುವವಳಿಗೆ ಅದು ಬರದೆ ಇನ್ಯಾರಿಗೆ ಬರಬೇಕು? ಮಗನಿಗೆ ಹೇಳಲಿಲ್ಲ. ಬೆಳೆದ ಗಂಡುಮಗನ ಹತ್ತಿರ ಆಡುವ ಮಾತೇ ಅದು? ಮಜ್ಜಿಗೆಗೆ ಯಾವುದೋ ಪುಡಿ ಕಲಸಿ ಕುಡಿದುಕೊಂಡು ವರ್ಷದ ಮೇಲೆ ದೂಡಿದಳು. ಒಂದು ಬೆಳಿಗ್ಗೆ ಗೇಟಿನಲ್ಲಿ ಸೊಪ್ಪಿನ ರಾಶಿಯ ಮೇಲೇ ಕುಸಿದು ಬಿದ್ದಳು. ಮೈಯಲ್ಲಿ ರಕ್ತವೇ ಇಲ್ಲ ಎಂದರು ಆಸ್ಪತ್ರೆಯವರು. ಒಳಗೆ ನಳಿಗೆ ಬಿಟ್ಟು ನೋಡಿದಾಗ ದೊಡ್ಡ ಕರುಳಿನಲ್ಲಿ ಗಡ್ಡೆ. ಆಪರೇಷನ್ ಮಾಡಿ ಆ ತುಂಡನ್ನು ತೆಗೆದರು. ಗಡ್ಡೆ ಕ್ಯಾನ್ಸರ್ ಎಂದೂ, ಅದು ಆಗಲೇ ಲಿವರ್‌ಗೆ ಹೋಗಿ ಮೂರು ಗಂಟು ಕಟ್ಟಿದೆಯೆಂದೂ ಡಾಕ್ಟರ್ ಸ್ಫೂರ್ತಿ ಮಕ್ಕಳನ್ನು ಕೂರಿಸಿಕೊಂಡು ಹೇಳಿದರು. ನಾಲ್ಕನೇ ಹಂತ. ನರೇಶನಿಗೆ ಆಗ ತಿಳಿದದ್ದು, ನಾಲ್ಕರ ಮುಂದೆ ಐದು ಇಲ್ಲ ಎಂಬುದೊಂದೇ.

ಅವತ್ತು ಆಸ್ಪತ್ರೆಯ ಎದುರಿನ ಟೀ ಅಂಗಡಿಯಲ್ಲಿ ಮನೆಯವರ ಪಂಚಾಯಿತಿ ಸೇರಿತು. ಮುನಿಯಕ್ಕನ ತಮ್ಮ ಮುನಿರಾಜು ಆಟೋ ಓಡಿಸುವವನು, ಅಕ್ಕನ ಸೊಪ್ಪನ್ನು ದಿನಾ ಸಂತೆಯಿಂದ ತಂದುಕೊಡುವವನು. ಅವನೇ ಮೊದಲು ಬಾಯಿಬಿಟ್ಟ.

“ಆ ಪದ ಅಕ್ಕನ ಮುಂದೆ ಯಾರೂ ಎತ್ತಂಗಿಲ್ಲ. ನಮ್ ದೊಡ್ಡಪ್ಪಂಗೆ ಯೋಳಿದ್ರು. ಯೋಳಿದ್ ವಾರಕ್ಕೇ ಗೋಡೆ ಕಡೆ ತಿರುಗ್ಕಂಡು ಮಲಗ್ದೋನು ಮತ್ತೆ ಈ ಕಡೆ ತಿರುಗ್ಲೇ ಇಲ್ಲ.”

“ಅಮ್ಮಂಗೆ ಗೊತ್ತಾದ್ರೆ ಅವತ್ತೇ ಉಸಿರು ಬಿಟ್ಬಿಡ್ತಾಳೆ ಕಣೋ” ಎಂದು ವೇಣಿ ಅತ್ತಳು.

ಆದರೆ ಆಪರೇಷನ್ ಮುಗಿದ ಮೇಲೂ ಡ್ರಿಪ್ ಯಾಕೆ, ಮಾತ್ರೆ ಯಾಕೆ ಎಂದು ಅಮ್ಮ ಕೇಳದೆ ಇರುತ್ತಾಳೆಯೇ? ಏನಾದರೂ ಹೇಳಬೇಕಲ್ಲ. ಆಗ ನರೇಶನ ತಲೆ ಓಡಿತು. “ಜಾಂಡೀಸ್ ಅನ್ನೋಣ. ಹೇಗೂ ಲಿವರ್‌ದೇ ತಾನೆ? ಆಪರೇಷನ್ ಆದ್ಮೇಲೆ ಲಿವರ್‌ಗೆ ಜಾಂಡೀಸ್ ತಗುಲಿದೆ, ಡ್ರಿಪ್ ಹಾಕಿದ್ರೆ ಹೋಗುತ್ತೆ ಅನ್ನೋಣ.”

“ಓದಿದೋನು ಓದಿದೋನೇ ಕಣಪ್ಪ” ಎಂದು ಮಾವ ಬೆನ್ನು ತಟ್ಟಿದ. ಟೀಯನ್ನೂ ಅವನೇ ಕೊಡಿಸಿದ.

ಮುನಿಯಕ್ಕ ನಂಬಿದಳು. ಮೊದಲ ಡ್ರಿಪ್, ಎರಡನೆಯದು, ನಡುವೆ ಮಾತ್ರೆ. ಡ್ರಿಪ್ ಆದ ದಿನಗಳಲ್ಲಿ ತಣ್ಣೀರು ಮುಟ್ಟಿದರೆ ಅವಳ ಬೆರಳು ಝುಮ್ಮೆನ್ನುತ್ತಿತ್ತು. ಅದು ಔಷಧಿಯ ಗುಣವೆಂದು ಡಾಕ್ಟರು ಮೊದಲೇ ಹೇಳಿದ್ದರು. ಆಮೇಲೆ ಮನೆಯ ಸಾರಿನಲ್ಲಿ ಉಪ್ಪು ಕಾಣೆಯಾಯಿತು. ಒಗ್ಗರಣೆಯೂ ಹೋಯಿತು. ಔಷಧಿಗೆ ಅಮ್ಮನ ನಾಲಿಗೆ ಸತ್ತಿದೆ, ರುಚಿ ತಿಳಿಯುತ್ತಿಲ್ಲ, ಹೇಳಿದರೆ ನೊಂದುಕೊಳ್ಳುತ್ತಾಳೆ ಎಂದು ನರೇಶ ಬಾಯಿ ಮುಚ್ಚಿಕೊಂಡು ಉಂಡ. ಅವಳು ಅತ್ತ ತಿರುಗಿದಾಗ ತಟ್ಟೆಗೆ ಕದ್ದು ಉಪ್ಪು ಉದುರಿಸಿಕೊಂಡ. ತಾನೆಂಥ ತ್ಯಾಗಿ ಎಂದು ತನ್ನ ಬಗ್ಗೆ ತಾನೇ ಕಣ್ಣು ಒದ್ದೆ ಮಾಡಿಕೊಂಡದ್ದೂ ಉಂಟು.

ಈಗ ಮೆಟ್ಟಿಲ ಮೇಲೆ ಕೂತವನ ಕಿವಿಯಲ್ಲಿ ಡಾಕ್ಟರ ಪ್ರಶ್ನೆ ಮತ್ತೆ ಕೇಳಿಸಿತು. ನಾಟಿ ಔಷಧಿ, ಕಷಾಯ, ಪುಡಿ. ಉಪ್ಪಿಲ್ಲದ ಸಾರು. ಎಣ್ಣೆಯಿಲ್ಲದ ಪಲ್ಯ.

ಅವನು ಮೆಟ್ಟಿಲಿಂದ ಎದ್ದು ನಿಂತ. ಹೃದಯಕ್ಕೆ, ಕಿಡ್ನಿಗೆ ದೊಡ್ಡಾಸ್ಪತ್ರೆಗೆ ಓಡುವ ಜನ ಕೂಡ ಈ ಸೀಮೆಯಲ್ಲಿ ಕಾಮಾಲೆಗೆ ಇಂಗ್ಲಿಷ್ ಔಷಧಿ ಮುಟ್ಟುವುದಿಲ್ಲ. ಖಾಲಿ ಹೊಟ್ಟೆಯಲ್ಲಿ ಸೊಪ್ಪಿನ ರಸ ಕುಡಿಯುತ್ತಾರೆ, ಉಪ್ಪು ಎಣ್ಣೆ ಬಿಟ್ಟು ಪಥ್ಯ ಮಾಡುತ್ತಾರೆ. ಹೂಡಿಯಲ್ಲಿ ಹುಟ್ಟಿದ ಮಗುವಿಗೂ ಇದು ಗೊತ್ತು. ನರೇಶನಿಗೂ ಐದನೇ ಕ್ಲಾಸಿನಲ್ಲಿ ಕಾಮಾಲೆಯಾದಾಗ ಅಮ್ಮ ಮೂಗು ಹಿಡಿದು ರಸ ಕುಡಿಸಿದ್ದಳು. ಹುಣ್ಣಿಗೊಂದು ಸೊಪ್ಪು, ಕಣ್ಣಿಗೊಂದು ಸೊಪ್ಪು ಎನ್ನುವ ಹೆಂಗಸಿಗೆ, ಇಡೀ ಲೋಕದ ಕಾಯಿಲೆಗಳಲ್ಲಿ ಆರಿಸಿ ಆರಿಸಿ, ಅವನು ಕಾಮಾಲೆಯನ್ನೇ ಹೇಳಿದ್ದ!

ಟೀಮ್ ಲೀಡರಿಗೆ ಹೊಟ್ಟೆನೋವು ಎಂದು ಹೇಳಿ ಹೊರಟ. ಅದೊಂದು ಮಾತ್ರ ಅವತ್ತು ನಿಜವೇ ಆಗಿತ್ತು.

ಮುನಿಯಕ್ಕ ಮನೆಯ ಮುಂದೆ ಗೋಣಿಚೀಲ ಹಾಸಿಕೊಂಡು ದಂಟಿನ ಸೊಪ್ಪು ಸೋಸುತ್ತಿದ್ದಳು.

“ಯಾಕ್ಲಾ ಇಷ್ಟು ಬಿರ್ನೆ ಬಂದ್ಬುಟ್ಟೆ? ಕೆಲ್ಸದಿಂದ ತೆಗ್ದಾಕಿದ್ರಾ?”

“ಅಮ್ಮ, ನೀನು ಸಾರಿಗೆ ಉಪ್ಪು ಯಾಕ್ ಹಾಕ್ತಿಲ್ಲ?”

“ಇಷ್ಟ್ ದಿನ ತಿಂದ್ಕಂಡು ಇವತ್ ಕೇಳ್ತೀಯಲ್ಲೋ. ನಾಲ್ಗೆ ಈಗ ಬಂತಾ?”

“ಪಥ್ಯಾನಾ?”

“ಊಂ ಮತ್ತೆ. ಜಾಂಡೀಸ್‌ಗೆ ಉಪ್ಪು ತಿಂತಾರಾ ಯಾರಾನ?” ಅವಳು ಸೊಪ್ಪಿನಿಂದ ಕಣ್ಣೆತ್ತಲಿಲ್ಲ. “ನೀನ್ ಓದಿದೋನು, ಇದ್ನೆಲ್ಲ ನಂಬಾಕಿಲ್ಲ. ಅದ್ಕೇ ಯೋಳ್ಲಿಲ್ಲ. ಅತ್ತಿಬೆಲೆಯಿಂದಾಚೆ ಒಬ್ರು ಔಸ್ದಿ ಕೊಡೋರವ್ರೆ. ಗೇಟ್ ತಾವ ಊವ ಮಾರೋ ಚನ್ನಕ್ಕ ಕರ್ಕಂಡೋದ್ಲು. ಭಾನುವಾರ ಭಾನುವಾರ ಕುಡೀಬೇಕು.”

“ವೇಣಕ್ಕನ ಮನೆಗೆ ಹೋಗ್ತೀನಿ ಅಂತ ಹೋಗ್ತಿದ್ದೆ!”

“ಓಗ್ತಿದ್ನಲ್ಲ. ರಸ ಕುಡ್ದು ಆಮೇಲೆ ಓಗ್ತಿದ್ದೆ. ಸುಳ್ಳು ಯೋಳ್ತೀನಾ ನಾನು?”

“ಮತ್ತೆ ಮಾತ್ರೆ?”

“ಬುಟ್ಬುಟ್ಟೆ. ಒಟ್ಟೇಲಿ ಎರಡು ಔಸ್ದಿ ಜಗಳ ಆಡ್ಬಾರ್ದು ಅಂದ್ರು. ಬಿಸಾಕಿಲ್ಲ ಕಣಪ್ಪ, ಬಿಸ್ಕತ್ ಡಬ್ಬಿಯಾಗೆ ಎತ್ತಿ ಮಡಗಿವ್ನಿ. ಆ ಡಾಕ್ಟ್ರಮ್ಮ ಪಾಪ ಒಳ್ಳೇವ್ಳು, ಆದ್ರೆ ಜಾಂಡೀಸ್‌ಗೆ ಇಂಗ್ಲೀಸ್ ಔಸ್ದಿ ಎಲ್ ಕೇಳ್ತೈತೆ? ಆ ಡ್ರಿಪ್ ಆಕ್ಸ್ಕಂಡ್ ಬಂದ್ರೆ ಸೊಪ್ಪಿಗೆ ನೀರು ಚಿಮ್ಕಿಸಕ್ಕಾಗಲ್ಲ, ಬೆರಳೆಲ್ಲ ಕರೆಂಟ್ ಒಡ್ದಂಗಾಯ್ತದೆ. ನಿನ್ ಮನ್ಸಿಗೆ ಬೇಜಾರಾಗ್ಬಾರ್ದು ಅಂತ ಬತ್ತಿದ್ದೆ ಅಷ್ಟೇಯ.”

ಡಬ್ಬಿ ಅಕ್ಕಿಯ ಡ್ರಮ್ಮಿನ ಹಿಂದೆ ಇತ್ತು. ಮಾತ್ರೆಯ ಹಾಳೆಗಳು ಒಂದೂ ಒಡೆಯದೆ ಹೊಳೆಯುತ್ತಿದ್ದವು. ಲಿವರ್‌ನ ಗಂಟುಗಳ ಮೇಲೆ ಕೆಲಸ ಮಾಡಬೇಕಾಗಿದ್ದ ಔಷಧಿ ಇಷ್ಟು ದಿನವೂ ಅಕ್ಕಿಯ ಡ್ರಮ್ಮಿನ ಹಿಂದೆ ಆರಾಮವಾಗಿ ಮಲಗಿತ್ತು.

ಅವನು ಹಿತ್ತಿಲಿಗೆ ಹೋಗಿ ಮಾವನಿಗೆ ಫೋನ್ ಮಾಡಿದ. ಎಲ್ಲ ಕೇಳಿದ ಮುನಿರಾಜು ಆಟೋವನ್ನು ರಸ್ತೆಯ ಬದಿಗೆ ಹಾಕಿದ. ಇಂಜಿನ್ ಗುಡುಗುಡು ಎನ್ನುತ್ತಿತ್ತು.

“ಅಳಿಯ, ಬಯ್ದು ಮಾತ್ರೆ ನುಂಗ್ಸು. ಆ ಪದ ಮಾತ್ರ ಎತ್ಬೇಡ.”

“ಮಾವ, ಜಾಂಡೀಸ್ ಅಂದಿದ್ದಕ್ಕೇ ಅವಳು ಅಲ್ಲಿಗೆ ಹೋಗಿರೋದು. ಅದು ಜಾಂಡೀಸ್ ಅಲ್ಲ ಅಂತ ಹೇಳ್ದೆ ಹೆಂಗೆ ನುಂಗಿಸ್ಲಿ?”

“ಅಂಗಾದ್ರೆ ಬೇರೆ ಯಾವ್ದಾನ ಎಸ್ರು ಯೋಳು. ಟಿ.ಬಿ. ಅನ್ನು.”

ನಾಚಿಕೆಯ ಮಾತೆಂದರೆ, ನರೇಶ ಇದನ್ನು ಯೋಚಿಸಿದ. ಟಿ.ಬಿ.ಗೆ ಮಾತ್ರೆ ಉಂಟು, ತಿಂಗಳುಗಟ್ಟಲೆ ನುಂಗಬೇಕು, ಎಲ್ಲರಿಗೂ ಗೊತ್ತು, ನಂಬುತ್ತಾಳೆ. ಆದರೆ ಟಿ.ಬಿ.ಗೆ ಯಾವ ಊರಿನಲ್ಲಿ ಯಾರು ಯಾವ ಬೇರು ಕೊಡುತ್ತಾರೋ? ಅವನು ಒಂದು ಸುಳ್ಳಿಗೆ ಇನ್ನೊಂದು ಅಂಟಿಸುತ್ತ ಕೂತರೆ ಅವಳು ಒಂದೊಂದಕ್ಕೂ ಒಂದೊಂದು ಊರಿಗೆ ಬಸ್ ಹತ್ತುತ್ತಾಳೆ. ನಾಳೆ ಡಾಕ್ಟರು ಹೇಗೂ ಹೇಳುತ್ತಾರೆ. ಮುಂದೆ ಹಾಕಲು ಈ ಸಂಜೆಯೊಂದು ಬಿಟ್ಟರೆ ಇನ್ನೇನೂ ಉಳಿದಿರಲಿಲ್ಲ.

ಬಂದು ಗೋಣಿಚೀಲದ ಮೇಲೆ ಅವಳೆದುರು ಕೂತ. ಕೈಗೊಂದು ಕೆಲಸವಿರಲಿ ಎಂದು ಸೊಪ್ಪು ಎತ್ತಿಕೊಂಡ.

“ಬೇರು ಕೀಳ್ಬೇಡ, ಕಡ್ಡಿ ಮಾತ್ರ ಮುರಿ” ಎಂದಳು ಮುನಿಯಕ್ಕ.

“ಅಮ್ಮ. ಅದು ಜಾಂಡೀಸ್ ಅಲ್ಲ.”

“ಮತ್ತೇನು?”

ನಾಲಿಗೆ ಹಳೆಯ ದಾರಿಗಳನ್ನೆಲ್ಲ ಹುಡುಕಿತು. ಗಾಬರಿ ಪಡುವಂಥದ್ದೇನಿಲ್ಲ, ಪರಿಶೀಲನೆ ನಡೆಯುತ್ತಿದೆ, ಆದಷ್ಟು ಬೇಗ ಸರಿಹೋಗುತ್ತದೆ. ಒಂದೊಂದನ್ನೂ ನುಂಗಿಕೊಂಡ.

“ಕರುಳಲ್ಲಿ ತೆಗೆದ್ರಲ್ಲ, ಅದು ಬರೀ ಗಡ್ಡೆ ಅಲ್ಲ. ಕ್ಯಾನ್ಸರ್. ಲಿವರ್‌ಗೂ ಹೋಗಿದೆ.”

ಮುನಿಯಕ್ಕ ಕೈಯಲ್ಲಿದ್ದ ಕಡ್ಡಿಯನ್ನು ತಿರುಗಿಸಿ ನೋಡಿದಳು. ಕೊಳೆತ ಎಲೆಯೊಂದನ್ನು ಕಿತ್ತು ಪಕ್ಕಕ್ಕೆ ಎಸೆದಳು.

“ಯಾರ್ಯಾರಿಗೆ ಗೊತ್ತು?”

“ನಂಗೆ, ಅಕ್ಕಂಗೆ, ಮಾವಂಗೆ.”

“ಚನ್ನಕ್ಕಂಗೆ?”

“ಇಲ್ಲ.”

“ಸದ್ಯ. ಗೊತ್ತಿದ್ದೂ ಕರ್ಕಂಡೋಗಿದ್ರೆ ಚಪ್ಲೀಲಿ ಒಡೀತಿದ್ದೆ ಅವ್ಳಿಗೆ.” ಇನ್ನೊಂದು ಕಡ್ಡಿ ಮುರಿದಳು. “ನಾನ್ ಕುಡುದ್ನಲ್ಲ, ಆ ರಸ?”

“ಲಿವರ್ ಇನ್ನೂ ಕೆಟ್ಟಿದೆ ಅಂತಾರೆ. ನಾಳೆ ಡ್ರಿಪ್ ಹಾಕಲ್ವಂತೆ.”

ಆಗ ಅವಳು ತಲೆಯೆತ್ತಿ ಅವನನ್ನು ನೋಡಿದಳು. ಒಂದು ಏಟು ಕೊಟ್ಟಿದ್ದರೆ ಚೆನ್ನಾಗಿತ್ತು ಎಂದು ನರೇಶನಿಗೆ ಆಮೇಲೂ ಎಷ್ಟೋ ಸಲ ಅನ್ನಿಸಿದೆ.

“ಕೊಳೆತಿರೋ ಎಲೆನ ಕಟ್ಟಿನ್ ಒಳಗಿಟ್ಟು, ಮೇಲೆ ಅಸ್ರು ತೋರ್ಸಿ ಮಾರೋರು ಸಂತೇಲವ್ರೆ. ಅವ್ರತ್ರ ನಾನ್ ಒಂದ್ ದಿನಾನೂ ಸೊಪ್ಪು ತಗಂಡಿಲ್ಲ” ಎಂದಳು. “ಮನೇಲೇ ಅಂತೋರು ಬೆಳ್ದವ್ರೆ ಅಂತ ನಂಗೇನ್ ಗೊತ್ತು. ನನ್ ಮೈಯಾಗಿರೋದು ನಂಗೆ ಗೊತ್ತಿಲ್ದಂಗೆ ಮಾಡಕ್ಕೆ ನೀವ್ ಯಾರೋ? ಗೊತ್ತಿದ್ದಿದ್ರೆ ಆ ಮಾತ್ರೆ ಬುಡ್ತಿದ್ನಾ ನಾನು?”

ಆಮೇಲೆ ಅವಳು ಎದ್ದು ಒಲೆ ಹಚ್ಚಿದಳು. ಸಾರಿಗೆ ಉಪ್ಪು ಹಾಕಿದಳು, ಬಡಿಸಿದಳು, ಪಾತ್ರೆ ತೊಳೆದಳು, ಹೋಗಿ ಮಲಗಿದಳು. ಗೋಡೆ ಕಡೆ ತಿರುಗಿ.

ಬೆಳಿಗ್ಗೆ ನರೇಶ ಎದ್ದಾಗ ಹಾಸಿಗೆ ಖಾಲಿ. ಹಿತ್ತಿಲಲ್ಲಿಲ್ಲ, ಬಚ್ಚಲಲ್ಲಿಲ್ಲ. ಅವಳ ಫೋನ್ ದೇವರ ಪಟದ ಮುಂದೆ ಬಿದ್ದಿತ್ತು. ಮಾವನಿಗೆ ಫೋನ್ ಮಾಡಿದರೆ ಎತ್ತಲಿಲ್ಲ. ಅವನು ಕಾಲಿಗೆ ಸಿಕ್ಕ ಚಪ್ಪಲಿ ಮೆಟ್ಟಿಕೊಂಡು ಓಡಿದ. ಮನಸ್ಸಿಗೆ ಬಂದ ಜಾಗಗಳೆಂದರೆ ಕೆರೆ, ರೈಲ್ವೆ ಹಳಿ. ಎರಡರಲ್ಲಿ ಯಾವುದಕ್ಕೆ ಮೊದಲು ಹೋಗುವುದೆಂದು ದಾರಿಯಲ್ಲಿ ಯೋಚಿಸುವಂತಾದದ್ದು ಅವನ ಜನ್ಮದಲ್ಲೇ ಅದೊಂದು ಸಲ. ಅಪಾರ್ಟ್‌ಮೆಂಟಿನ ಮೂಲೆ ತಿರುಗಿದಾಗ ಗೇಟಿನ ಪಕ್ಕದ ಕಲ್ಲಿನ ಮೇಲೆ ಅವಳು ಕಂಡಳು. ಮುಂದೆ ಸೊಪ್ಪು ಹರಡಿತ್ತು. ಮಾವನ ಆಟೋ ಪಕ್ಕದಲ್ಲೇ ನಿಂತಿತ್ತು. ಒಳಗೆ ಮುನಿರಾಜು ಹ್ಯಾಂಡಲಿನ ಮೇಲೆ ತಲೆಯಿಟ್ಟು ಕೂತಿದ್ದ. ಅವನಿಗೆ ಬೈಗುಳ ಆಗಲೇ ಸಂದಿತ್ತೆಂದು ಕಾಣುತ್ತದೆ.

ಅಪಾರ್ಟ್‌ಮೆಂಟಿನ ಕಮಲಮ್ಮ ಮೆಂತ್ಯದ ಕಟ್ಟು ಎತ್ತಿ ನೋಡುತ್ತಿದ್ದರು. “ಏನ್ ಮುನಿಯಕ್ಕ, ಭಾಳ ಸೊರಗೀಯಲ್ಲ?”

“ಕ್ಯಾನ್ಸರ್ ಕಣ್ರಮ್ಮ” ಎಂದಳು ಮುನಿಯಕ್ಕ, ಬೆಲೆ ಹೇಳುವಷ್ಟೇ ಗಟ್ಟಿಯಾಗಿ. “ಕರುಳಾಗಿತ್ತು, ಲಿವರ್‌ಗೆ ಬಂದೈತಂತೆ. ನನ್ ಮಗ ನೆನ್ನೆ ಯೋಳ್ದ. ಮೆಂತ್ಯ ಒಂದ್ ಕಟ್ಟಾ, ಎರಡಾ?”

“ಶಿವನೇ” ಎಂದರು ಕಮಲಮ್ಮ. ಅವರ ಕೈಯಲ್ಲಿ ಮೆಂತ್ಯ ಹಾಗೇ ನಿಂತಿತು. ಗೇಟಿನ ಸೆಕ್ಯುರಿಟಿಯವನೂ ತಿರುಗಿ ನೋಡಿದ. ಮೂರು ಜನ ಸೇರಿ ತಿಂಗಳುಗಟ್ಟಲೆ ಮುಚ್ಚಿಟ್ಟದ್ದು ಒಂದು ಕಟ್ಟು ಮೆಂತ್ಯದ ವ್ಯಾಪಾರದಲ್ಲಿ ಹೊರಬಿದ್ದಿತ್ತು. ನರೇಶ ಓಡಿ ಬಂದ ಉಸಿರನ್ನು ಹಿಡಿಯಲಾಗದೆ ಗೇಟಿನ ಕಂಬಿ ಹಿಡಿದು ನಿಂತ.

“ಬಂದಾ?” ಎಂದಳು ಅವನನ್ನು ನೋಡಿ. “ಮಖ ತೊಳ್ದೇ ಇಲ್ಲ. ಆಸ್ಪತ್ರೆಗೆ ಇಂಗೇ ಬತ್ತೀಯಾ?”

ಆಸ್ಪತ್ರೆಯಲ್ಲಿ ಡಾಕ್ಟರ್ ಸ್ಫೂರ್ತಿ ಅಭ್ಯಾಸದಂತೆ ನರೇಶನ ಕಡೆಗೆ ತಿರುಗಿ ಮಾತು ಶುರುಮಾಡಿದರು. ಮುನಿಯಕ್ಕ ಮೇಜಿನ ಮೇಲೆ ಅಂಗೈಯಿಟ್ಟಳು.

“ಈ ಕಡೆ ನೋಡಿ ಯೋಳಮ್ಮ. ಕಾಯ್ಲೆ ನಂದು.”

ಡಾಕ್ಟರು ಕುರ್ಚಿಯನ್ನು ಅವಳ ಕಡೆಗೆ ಎಳೆದುಕೊಂಡರು. ಕಾಗದದ ಮೇಲೆ ಕರುಳು ಬರೆದರು, ಲಿವರ್ ಬರೆದರು, ಎರಡಕ್ಕೂ ನಡುವೆ ಒಂದು ಗೆರೆ ಎಳೆದರು. “ಕರುಳಿನ ರಕ್ತ ಮೊದಲು ಹೋಗೋದು ಲಿವರ್‌ಗೆ. ಕರುಳಲ್ಲಿದ್ದ ಕ್ಯಾನ್ಸರ್ ಅದರ ಜೊತೆ ಹೋಗಿ ಅಲ್ಲಿ ಕೂತಿದೆ. ಅಲ್ಲಿದ್ರೂ ಅದು ಲಿವರ್ ಕಾಯಿಲೆ ಅಲ್ರೀ ಅಮ್ಮ, ಕರುಳಿಂದೇ. ಅದಕ್ಕೇ ಔಷಧಿ ಕರುಳಿಂದಕ್ಕೆ ಕೊಡೋದು.”

“ಅರಿವೆ ಸೊಪ್ಪಿನ ಬೀಜ ಆರಿ ಪಕ್ಕದ್ ಪಾತೀಲಿ ಉಟ್ಟಿದ್ರೂ ಅದು ಅರಿವೆನೇಯ.”

“ಹಾಂ, ಹಾಗೇ.”

“ವಾಸಿ ಆಯ್ತದಾ?”

ನರೇಶ ನೆಲ ನೋಡಿದ. ಆ ಪ್ರಶ್ನೆಯನ್ನು ಇಷ್ಟು ತಿಂಗಳಲ್ಲಿ ಅವನು ಒಮ್ಮೆಯೂ ಪೂರ್ತಿಯಾಗಿ ಕೇಳಿರಲಿಲ್ಲ. ಕೇಳಿದಂತೆ ಮಾಡಿ, ಉತ್ತರ ಬರುವ ಮೊದಲೇ ಫೀಸಿನ ಮಾತಿಗೆ ಜಾರಿದ್ದ.

“ಹೆಚ್ಚಿನವರಿಗೆ ಪೂರ್ತಿ ವಾಸಿ ಆಗಲ್ಲ” ಎಂದರು ಡಾಕ್ಟರು. “ಔಷಧಿ ಕೊಟ್ಟು ಹಿಡಿದಿಡ್ತೀವಿ. ಔಷಧಿ ಮೇಲೆ ಎರಡು ವರ್ಷ, ಕೆಲವರು ಮೂರು, ಇನ್ನೂ ಮುಂದಕ್ಕೂ ಹೋಗ್ತಾರೆ. ಕೆಲವರಿಗೆ ವರ್ಷವೂ ಸಿಗಲ್ಲ. ಆದ್ರೆ ನಿಮ್ಮದು ಲಿವರ್ ಬಿಟ್ಟು ಬೇರೆ ಎಲ್ಲೂ ಕಂಡಿಲ್ಲ. ಗಂಟು ಕುಗ್ಗಿ, ಪೂರ್ತಿ ಕತ್ತರಿಸಿ ತೆಗೆಯೋ ಹಾಗಾದ್ರೆ ಲೆಕ್ಕ ಬೇರೆ. ಹಾಗೆ ತೆಗೆಸಿಕೊಂಡವರಲ್ಲಿ ನೂರಕ್ಕೆ ನಲವತ್ತು ಜನ ಐದು ವರ್ಷ ದಾಟ್ತಾರೆ. ಅದರಲ್ಲೂ ಸುಮಾರು ಜನಕ್ಕೆ ಮತ್ತೆ ಬರ್ತದೆ, ಕೆಲವರಿಗೆ ಬರಲ್ಲ.”

“ಆ ನಲ್ವತ್ತರಲ್ಲಿ ನಾನಿವ್ನಾ?”

“ಅದು ನನಗೂ ಗೊತ್ತಿಲ್ರೀ.”

ಮುನಿಯಕ್ಕ ತಲೆಯಾಡಿಸಿದಳು. ಇಷ್ಟು ತಿಂಗಳಲ್ಲಿ ತನಗೆ ಯಾರಾದರೂ ಗೊತ್ತಿಲ್ಲ ಎಂದು ಹೇಳಿದ್ದು ಇದೇ ಮೊದಲು ಎನ್ನುವಂತೆ ಅವರ ಮುಖವನ್ನೇ ನೋಡಿದಳು.

“ಆ ಸೊಪ್ಪಿನ ರಸದಿಂದ್ಲೇ ಕೆಟ್ಟೋಯ್ತಾ ಎಲ್ಲ?”

“ಅದರಲ್ಲಿ ಏನಿತ್ತೋ ನನಗೆ ತಿಳೀದು. ನಿಮ್ಮ ಲಿವರ್‌ಗೆ ಆಗಿಲ್ಲ ಅಂತ ಕಾಣ್ತದೆ. ಮಾತ್ರೆ ಬಿಟ್ಟಿದ್ದು ಅದಕ್ಕಿಂತ ದೊಡ್ಡದು. ಈಗ ರಸ ನಿಲ್ಲಿಸಿ. ರಕ್ತ ಮತ್ತೆ ನೋಡಿ, ಲಿವರ್ ಸುಧಾರಿಸಿದ್ರೆ ಶುರುಮಾಡೋಣ. ಬೇಡ ಅನ್ನಿಸಿದ್ರೆ ಬೇಡ ಅನ್ನೋದಕ್ಕೂ ನಿಮಗೆ ಹಕ್ಕಿದೆ. ನೋವಿಗೆ, ಸುಸ್ತಿಗೆ ನಾವಿರ್ತೀವಿ. ಯೋಚನೆ ಮಾಡಿ.”

“ಮಾಡಾಯ್ತು. ಡ್ರಿಪ್ ಆಕಮ್ಮ” ಎಂದಳು ಮುನಿಯಕ್ಕ. “ತಣ್ಣೀರಿಗೆ ಬೆರಳು ಝುಂ ಅನ್ನದೇ ಇರಂಗೆ ಏನಾನ ಐತಾ? ನಂದು ನೀರ್ನಾಗೆ ಮಾಡೋ ಕೆಲ್ಸ.”

ಸೊಪ್ಪಿಗೆ ನೀರು ಚಿಮುಕಿಸುವ ಕೆಲಸ ಅಂದಿನಿಂದ ನರೇಶನದಾಯಿತು. ಶಿಫ್ಟಿಗೆ ಹೋಗುವ ಮೊದಲು ಇಸ್ತ್ರಿ ಮಾಡಿದ ಅಂಗಿ ತೊಟ್ಟು, ಕುತ್ತಿಗೆಗೆ ಕಂಪನಿಯ ಐಡಿ ಕಾರ್ಡ್ ನೇತುಹಾಕಿಕೊಂಡು, ಗೇಟಿನ ಮುಂದೆ ದಂಟಿಗೆ ನೀರು ಚಿಮುಕಿಸುವ ಅವನನ್ನು ನೋಡಿ ಸೆಕ್ಯುರಿಟಿಯವನು, “ಏನ್ ಗುರು, ವರ್ಕ್ ಫ್ರಮ್ ಹೋಮಾ?” ಎನ್ನುತ್ತಿದ್ದ.

ರಕ್ತದ ಲೆಕ್ಕಗಳು ನಿಧಾನವಾಗಿ ಇಳಿದವು. ಡ್ರಿಪ್ ಮತ್ತೆ ಶುರುವಾಯಿತು. ಮಾತ್ರೆಯನ್ನು ಅವಳು ಮಗನೆದುರೇ ನುಂಗಿ, ಬಾಯಿ ತೆರೆದು ತೋರಿಸುತ್ತಿದ್ದಳು. ಅದು ಅವನಿಗೆ ಹಾಕುತ್ತಿದ್ದ ಚಾಟಿಯೆಂದು ಇಬ್ಬರಿಗೂ ಗೊತ್ತಿತ್ತು. ಅಂಗೈ ಚರ್ಮ ಸುಲಿಯಿತು, ಮೈ ಇಳಿಯಿತು. ಕೆಲವು ದಿನ ಗೇಟಿಗೆ ಹೋಗಲಾಗದೆ ಮಲಗಿದಳು. ಗೋಡೆ ಕಡೆ ತಿರುಗಿ ಮಲಗಿದಾಗ ನರೇಶ ಸುಮ್ಮನೆ ಹೋಗಿ ಆ ಬದಿಯಲ್ಲಿ ಇಣುಕುತ್ತಿದ್ದ. “ಬದ್ಕಿವ್ನಿ, ಓಗೋ” ಎನ್ನುತ್ತಿದ್ದಳು.

ಸ್ಕ್ಯಾನಿನ ರಿಪೋರ್ಟ್ ಬಂದ ದಿನ ಡಾಕ್ಟರ ಕೋಣೆಯ ಬಾಗಿಲಲ್ಲಿ ಅವಳು ತಿರುಗಿ ನಿಂತು, “ನೀನ್ ಇಲ್ಲೇ ಕುಂತ್ಕೋ” ಎಂದಳು.

“ನಾನೂ ಬರ್ತೀನಮ್ಮ.”

“ಬ್ಯಾಡ. ಮೊದ್ಲು ನಾನ್ ಕೇಳ್ತೀನಿ. ಆಮೇಲೆ ನಿಂಗೆ ಯೋಳ್ತೀನಿ.”

ಬಾಗಿಲು ಮುಚ್ಚಿತು. ನರೇಶ ಹೊರಗಿನ ಕುರ್ಚಿಯ ತುದಿಯಲ್ಲಿ ಕೂತ. ಒಳಗಿನ ದನಿಗಳು ಕೇಳಿಸುತ್ತಿದ್ದವು, ಮಾತು ತಿಳಿಯುತ್ತಿರಲಿಲ್ಲ. ಡಾಕ್ಟರ ದನಿ ಯಾವಾಗಿನಂತೆ ಒಂದೇ ಸಮ. ಅಮ್ಮ ಏನೋ ಕೇಳಿದಳು. ಕಾಗದ ಮಗುಚಿದ ಸದ್ದಾಯಿತು. ಬಾಗಿಲಾಚೆ ತನ್ನ ಅಮ್ಮನ ಬದುಕಿನ ತೀರ್ಪು ನಡೆಯುತ್ತಿದೆ, ಅವಳಿಗೆ ಈಗ ಗೊತ್ತು, ತನಗೆ ಗೊತ್ತಿಲ್ಲ. ಹೊರಬಂದು ಅವಳು ಏನು ಹೇಳುತ್ತಾಳೋ ಅದನ್ನೇ ನಂಬಬೇಕು. ಮಗ ನೊಂದುಕೊಳ್ಳುತ್ತಾನೆ ಎಂದು ಅವಳು ‘ಏನಿಲ್ಲ ಕಣಪ್ಪ, ಎಲ್ಲ ಸರಿಯಾಗೈತಂತೆ’ ಎಂದುಬಿಟ್ಟರೆ? ತಾನು ಅವಳನ್ನು ಎಂಥ ಜಾಗದಲ್ಲಿ ಕೂರಿಸಿದ್ದೆನೆಂಬುದು ಅವನಿಗೆ ತಿಳಿದದ್ದು ಆಗ, ಆ ಕುರ್ಚಿಯ ತುದಿಯಲ್ಲಿ.

ಮುನಿಯಕ್ಕ ಹೊರಗೆ ಬಂದಳು. ಮುಖದಲ್ಲಿ ಅಳುವೂ ಇರಲಿಲ್ಲ, ನಗುವೂ ಇರಲಿಲ್ಲ. ಸೆರಗು ಸರಿಮಾಡಿಕೊಂಡು ಅವನ ಪಕ್ಕದಲ್ಲಿ ಕೂತಳು.

“ಎರಡು ಗಂಟು ಕುಗ್ಗೈತಂತೆ. ಒಂದು ದೊಡ್ ರಕ್ತನಾಳದ ಮೇಲೆ ಕುಂತೈತಂತೆ, ಅದು ಕುಗ್ದೆ ಆಟ ಆಡಿಸ್ತೈತಂತೆ. ಬೇರೆ ಕಡೆ ಎಲ್ಲೂ ಓಗಿಲ್ಲ. ಈಗ್ಲೇ ಆಪರೇಸನ್ ಆಗಾಕಿಲ್ಲ. ಇನ್ನೊಂದಷ್ಟು ಡ್ರಿಪ್ ಆಕಿ, ಲಿವರ್ ಕೊಯ್ಯೋ ಡಾಕ್ಟ್ರಿಗೆ ತೋರಿಸ್ತಾರಂತೆ. ಆದ್ರೂ ಆಗ್ಬೋದು, ಆಗ್ದೇನೂ ಇರ್ಬೋದು.”

“ಆ ಮಾತ್ರೆ ಬಿಟ್ಟಿದ್ದಕ್ಕೆ ಹಿಂಗಾಯ್ತಾ ಅಂತ ಕೇಳ್ದಾ?”

“ಕೇಳ್ದೆ. ಯೋಳಕ್ಕಾಗಲ್ಲ ಅಂದ್ಳು. ನುಂಗಿದ್ರೂ ಇಂಗೇ ಆಗ್ತಿತ್ತೇನೋ, ಆಗ್ತಿರ್ಲಿಲ್ವೇನೋ.”

ನರೇಶ ಕುತ್ತಿಗೆ ಬಗ್ಗಿಸಿದ.

“ಅಳೋದಾದ್ರೆ ಇಲ್ಲೇ ಅತ್ತು ಮುಗಿಸ್ಬುಡು” ಎಂದಳು ಮುನಿಯಕ್ಕ. “ಆಟೋದಾಗ್ ಅತ್ರೆ ನಿಮ್ ಮಾವನೂ ಸುರು ಅಚ್ಕಂತಾನೆ. ಯಾವ್ದಾನ ಬಸ್ಸಿಗೆ ಗುದ್ದುಸ್ತಾನೆ.”

ಅವನು ಅತ್ತ. ಅವಳು ಎದುರಿನ ಗೋಡೆಯ ಮೇಲಿದ್ದ ಹಣ್ಣು ತರಕಾರಿ ಚಿತ್ರದ ಪೋಸ್ಟರನ್ನು ನೋಡುತ್ತ ಕಾದಳು. “ಅದ್ರಾಗಿರೋದು ಪಾಲಕ್ ಅಲ್ಲ, ಚಕೋತ ಸೊಪ್ಪು” ಎಂದಳು ಒಮ್ಮೆ. ಅವನು ಮೂಗು ಒರೆಸಿಕೊಂಡ ಮೇಲೆ ಎದ್ದಳು.

ಹೊರಗೆ ಮುನಿರಾಜು ಆಟೋವನ್ನು ಆಸ್ಪತ್ರೆಯ ಗೇಟಿಗೆ ಅಡ್ಡ ನಿಲ್ಲಿಸಿಕೊಂಡು ಸೆಕ್ಯುರಿಟಿಯ ಹತ್ತಿರ ಬೈಸಿಕೊಳ್ಳುತ್ತಿದ್ದ. ಇಬ್ಬರೂ ಹತ್ತಿ ಕೂತರು. ಅವನು ಕನ್ನಡಿಯನ್ನು ತಿರುಗಿಸಿ, ಅಕ್ಕನನ್ನು ದಾಟಿ, ಅಳಿಯನ ಮುಖ ಹುಡುಕಿದ.

“ಏನಂದ್ರು ಅಳಿಯ?”

“ನನ್ನೇನ್ ಕೇಳ್ತೀಯ ಮಾವ” ಎಂದ ನರೇಶ. “ಅಮ್ಮನ್ನ ಕೇಳು.”

ಮುನಿರಾಜು ಕನ್ನಡಿಯನ್ನು ಹಿಡಿದೇ ಕೂತ. ಹಿಂದಿನ ಕಾರಿನವನು ಹಾರನ್ ಒತ್ತಿದ. ಮತ್ತೆ ಒತ್ತಿದ. ಕೊನೆಗೆ ಮುನಿರಾಜು ಸೀಟಿನಲ್ಲೇ ಪೂರ್ತಿಯಾಗಿ ಹಿಂದಕ್ಕೆ ತಿರುಗಿದ.

“ಏನಂದ್ರಕ್ಕ?”

“ಗಾಡಿ ಓಡ್ಸು, ಯೋಳ್ತೀನಿ” ಎಂದಳು ಮುನಿಯಕ್ಕ.